ಅವ್ವ ಒಪ್ಪಿಕೊಳ್ಳುತ್ತಿದ್ದ ತಪ್ಪುಗಳು

“ನಮ್ಮ ಮನಿತನದಾಗ ಡಿಗ್ರಿ? ಅದು ಆಗದ ಮಾತು ಬಿಡು” ಎಂದವರು ನನ್ನ ದೊಡ್ಡಪ್ಪ, ಅಪ್ಪನ ಖಾಸಾ ಅಣ್ಣ. ನಮ್ಮೂರು ಕೊಡಂಬಲದ ಮನೆಯ ಕಟ್ಟೆಯ ಮೇಲೆ ಕೂತು, ಎಲೆಯ ಬೆನ್ನಿಗೆ ಸುಣ್ಣ ಹಚ್ಚುತ್ತ ಹೇಳಿದ್ದರು. ಅದರಲ್ಲಿ ಸಿಟ್ಟಿರಲಿಲ್ಲ, ಕುಹಕವೂ ಇರಲಿಲ್ಲ. ಎತ್ತು ಹಾರುವುದಿಲ್ಲ ಎಂದು ಹೇಳುವಷ್ಟು ಸಹಜವಾಗಿ ಹೇಳಿದ್ದರು. ನಮ್ಮ ಮನೆತನದಲ್ಲಿ ನನಗಿಂತ ಮೊದಲು ಅಕ್ಷರ ಕಲಿತವರು ಅಂದರೆ ಅವರೊಬ್ಬರೇ. ನಿಜಾಮನ ಕಾಲದಲ್ಲಿ ಉರ್ದು ಸಾಲಿಗೆ ನಾಲ್ಕು ವರ್ಷ ಹೋಗಿದ್ದರು. ಅಲ್ಲಿಗೆ ನಮ್ಮ ಪಾಲಿನ ವಿದ್ಯೆ ಮುಗಿಯಿತು ಎಂದು ಅವರ ನಂಬಿಕೆ.

ಪಿಯುಸಿ ಪಾಸಾದ ಸಂಭ್ರಮದಲ್ಲಿ ಅವರ ಕಾಲಿಗೆ ಬೀಳಲು ಹೋದವಳು ನಾನು. ಅವ್ವ ಬಾಗಿಲ ಹಿಂದೆ ನಿಂತಿದ್ದಳು. ಭಾವನ ಎದುರಿಗೆ ತಲೆಯ ಮೇಲಿನ ಸೆರಗು ಜಾರಬಾರದು, ಭಾವನ ಜೊತೆ ನೇರ ಮಾತು ಆಡಬಾರದು ಎಂಬ ರಿವಾಜು ನಮ್ಮಲ್ಲಿ. ಹಾಗಾಗಿ ಅವರಿಬ್ಬರ ಜಗಳವೆಲ್ಲ ನನ್ನ ಮೂಲಕವೇ ನಡೆಯುತ್ತಿತ್ತು.

“ನಿಮ್ಮ ದೊಡ್ಡಪ್ಪಗ ಕೇಳ ತಂಗಿ, ಆಗದ ಮಾತು ಅಂದ್ರ ಹ್ಯಾಂಗ ಆಗದ ಮಾತು ಅಂತ.”

ದೊಡ್ಡಪ್ಪನಿಗೆ ಕಿವಿ ಚೆನ್ನಾಗಿಯೇ ಇತ್ತು. ಆದರೂ ನಾನು ಹೇಳುವವರೆಗೆ ಕಾದು, ಆಮೇಲೆ ನನಗೇ ಉತ್ತರ ಕೊಡುತ್ತಿದ್ದರು. “ನಿಮ್ಮವ್ವಗ ಹೇಳ, ರೊಟ್ಟಿ ಬಡ್ದು ಡಿಗ್ರಿ ಮಾಡಸ್ಲಾಕ ಆಗೂದಿಲ್ಲ ಅಂತ.”

“ಆಗ್ತದ ಅಂತ ಹೇಳ” ಎಂದಳು ಅವ್ವ. ಮಾತು ಅಲ್ಲಿಗೆ ನಿಂತಿತು.

ಅವ್ವ ರೊಟ್ಟಿ ಬಡಿಯುತ್ತಿದ್ದಳು ಎಂಬುದು ನಿಜ. ಅಪ್ಪ ತೀರಿಕೊಂಡ ಮೇಲೆ ಅವಳು ನನ್ನನ್ನು ಕರೆದುಕೊಂಡು ಹುಮನಾಬಾದಿಗೆ ಬಂದು, ಹೆದ್ದಾರಿಯ ಪಕ್ಕದ ಒಂದು ಖಾನಾವಳಿಯಲ್ಲಿ ಒಲೆಯ ಮುಂದೆ ಕೂತಳು. ಪುಣೆಯ ಕಡೆಯಿಂದ ಹೈದರಾಬಾದಿಗೆ ಹೋಗುವ ಲಾರಿಗಳು ಅಲ್ಲಿ ನಿಲ್ಲುತ್ತಿದ್ದವು. ಪುಂಡಿಪಲ್ಯ, ಶೇಂಗಾದ ಹಿಂಡಿ, ಅವ್ವನ ಜೋಳದ ರೊಟ್ಟಿ. ಪಂಜಾಬಿನ ಡ್ರೈವರುಗಳು ಕೂಡ “ಮಾಯಿ, ಔರ್ ಏಕ್” ಎಂದು ಕೇಳಿ ಇನ್ನೊಂದು ಹಾಕಿಸಿಕೊಳ್ಳುತ್ತಿದ್ದರು. ಅವಳ ಎರಡು ಕೈಯ ಸಪ್ಪಳದಲ್ಲಿ ನನ್ನ ಶಾಲೆ ನಡೆಯಿತು. ಆಮೇಲೆ ಬಸವಕಲ್ಯಾಣದ ಕಾಲೇಜಿಗೆ ಬಿ.ಎ.ಗೆ ಸೇರಿದೆ. ಬೆಳಿಗ್ಗೆ ಬಸ್ಸಿಗೆ ಹೋಗಿ ಸಂಜೆ ಬಸ್ಸಿಗೆ ಬರುತ್ತಿದ್ದೆ. ಕಾಲೇಜಿನಲ್ಲಿ ಹುಡುಗಿಯರು ಒಂದು ಬೆಂಚಿಗಾಗುವಷ್ಟು ಮಂದಿ ಇದ್ದೆವು.

ಇಲ್ಲಿ ನಮ್ಮ ಕಡೆಯ ಒಂದು ಚಾಳಿಯನ್ನು ಹೇಳಬೇಕು. ಇದನ್ನು ಹೇಳದೆ ಮುಂದಿನದು ತಿಳಿಯುವುದಿಲ್ಲ. ಯಾರಾದರೂ ನಿಮ್ಮ ಕಾಲು ತುಳಿದರು ಎನ್ನಿ. ತುಳಿದವರು ಬಾಯಿ ತೆರೆಯುವ ಮೊದಲೇ ತುಳಿಸಿಕೊಂಡವರು “ತಪ್ಪಾತ್ರಿ, ನಂದೇ ತಪ್ಪು” ಎಂದುಬಿಡಬೇಕು. ಮೊದಲು ಅಂದವರೇ ದೊಡ್ಡವರು. ತಡ ಮಾಡಿದವರು ಹಿಂದೆ ಬಿದ್ದಂತೆ. ಬಸ್ಸಿನಲ್ಲಿ ಎರಡು ತಲೆ ಢಿಕ್ಕಿ ಹೊಡೆದರೆ ಎರಡು ಬಾಯಿಂದಲೂ ಒಟ್ಟಿಗೇ “ನಂದೇ ತಪ್ಪು” ಬರುತ್ತಿತ್ತು. ಆಮೇಲೆ “ಇಲ್ರಿ, ನಂದು”, “ಅಲ್ರಿ, ನಂದು” ಎಂದು ಸ್ವಲ್ಪ ಹೊತ್ತು ಎಳೆದಾಟ.

ಇದರಲ್ಲಿ ನಮ್ಮ ಅವ್ವನನ್ನು ಮೀರಿಸಿದವರಿಲ್ಲ. ಮನುಷ್ಯರಿಗಷ್ಟೇ ಅಲ್ಲ, ಎಮ್ಮೆ ಹಾಯ್ದರೆ ಎಮ್ಮೆಗೂ ಹೇಳುತ್ತಿದ್ದಳು. ಗಿಡ್ಡ ಬಾಗಿಲಿಗೆ ತಲೆ ಬಡಿಸಿಕೊಂಡು ಬಾಗಿಲಿಗೆ “ತಪ್ಪಾತಪ್ಪಾ” ಎಂದದ್ದನ್ನು ನಾನೇ ಕೇಳಿದ್ದೇನೆ.

ಇಡೀ ಬಳಗದಲ್ಲಿ ಈ ಮಾತನ್ನು ಆಡದವರು ದೊಡ್ಡಪ್ಪ ಒಬ್ಬರೇ. ಹರೆಯದಲ್ಲಿ ಒಮ್ಮೆ ನಿಜಾಮನ ಸರ್ಕಾರದ ಅಧಿಕಾರಿಯೊಬ್ಬನ ಕುದುರೆ ಇವರ ಹೊಲಕ್ಕೆ ನುಗ್ಗಿ ಜೋಳ ಮೇಯ್ದಿತಂತೆ. ಇವರು ರೂಢಿಯ ಪ್ರಕಾರ “ನಂದೇ ತಪ್ಪು ಸಾಹೇಬ್ರ” ಎಂದರು. ಆ ಮನುಷ್ಯ ಬೇರೆ ಕಡೆಯಿಂದ ಬಂದವನು. “ತಪ್ಪು ಕಬೂಲ್ ಮಾಡಿದನಲ್ಲ” ಎಂದು ಇವರಿಗೇ ಜುಲ್ಮಾನೆ ಹಾಕಿ ಹೋದ. ಅಂದಿನಿಂದ ದೊಡ್ಡಪ್ಪ ಯಾರ ಕಾಲು ತುಳಿದರೂ, ಯಾರಿಂದ ತುಳಿಸಿಕೊಂಡರೂ ಬಾಯಿ ಬಿಗಿದು ನಿಲ್ಲುತ್ತಿದ್ದರು. ಸೊಕ್ಕಿನ ಮನುಷ್ಯ ಎಂದು ಊರು ಆಡಿಕೊಂಡರೂ ಅವರು ಜಗ್ಗಲಿಲ್ಲ.

ನಾನು ಬಿ.ಎ. ಮೊದಲ ವರ್ಷದಲ್ಲಿದ್ದಾಗ ಒಂದು ಮಧ್ಯಾಹ್ನ ಅವ್ವ ಗಿರಣಿಯಲ್ಲಿ ಜೋಳ ಬೀಸಿಸಿಕೊಂಡು, ಹಿಟ್ಟಿನ ಡಬ್ಬಿ ತಲೆಯ ಮೇಲೆ ಹೊತ್ತು ಖಾನಾವಳಿಗೆ ಬರುತ್ತಿದ್ದಳು. ಗೋಡೆಗೆ ಬೆನ್ನು ಮಾಡಿ ಒಂದು ಲಾರಿ ನಿಂತಿತ್ತು. ಅವಳು ಅದರ ಹಿಂದಿನಿಂದ ದಾಟುವ ಹೊತ್ತಿಗೆ ಡ್ರೈವರ್ ಲಾರಿಯನ್ನು ಹಿಂದಕ್ಕೆ ಬಿಟ್ಟ. ಲಾರಿ ಹಿಂದೆ ಬರುವಾಗ ಕ್ಲೀನರ್ ಇಳಿದು ಹಿಂದೆ ನಿಂತು, ಬಾಡಿ ಬಡಿದು ದಾರಿ ತೋರಿಸುತ್ತ “ಆನೇ ದೋ, ಆನೇ ದೋ” ಎನ್ನಬೇಕು. ಅಂದು ಯಾರೂ ಬಡಿಯಲಿಲ್ಲ, ಯಾರೂ ಕೂಗಲಿಲ್ಲ. ಅವ್ವನ ಬಲಗೈ ಮಣಿಕಟ್ಟು ಲಾರಿಗೂ ಗೋಡೆಗೂ ನಡುವೆ ಸಿಕ್ಕಿತು. ಡಬ್ಬಿ ಮಗುಚಿ ಹಿಟ್ಟೆಲ್ಲ ಮೈಮೇಲೆ ಸುರಿಯಿತು.

ಡ್ರೈವರ್ ಇಳಿದು ಬಂದು ನೋಡಿದರೆ ತಲೆಯಿಂದ ಕಾಲಿನವರೆಗೆ ಬೆಳ್ಳಗಿನ ಒಂದು ಆಕಾರ. ಆ ಆಕಾರ ಹೇಳಿತಂತೆ: “ತಪ್ಪಾತೋ ಯಪ್ಪಾ, ನಂದೇ ತಪ್ಪು. ನಿನ್ನ ಗಾಡಿಗಿ ಏನೂ ಆಗಿಲ್ಲಲಾ?”

ಸುತ್ತ ನೆರೆದ ಮಂದಿಯೆಲ್ಲ ಇದನ್ನು ಕೇಳಿದರು. ದವಾಖಾನೆಗೆ ಬಂದ ಪೊಲೀಸರ ಮುಂದೆಯೂ ಅವ್ವ ಅದನ್ನೇ ಹೇಳಿದಳು. ಅವರು ಕೇಳಿದ್ದನ್ನು ಬರೆದುಕೊಂಡರು. ಅದರಲ್ಲಿ ಅವರದೇನು ತಪ್ಪು?

ಕೈ ಕೂಡಿತು, ಆದರೆ ಸೊಟ್ಟಗೆ ಕೂಡಿತು. ತುತ್ತು ಎತ್ತಲು ಸಾಕು, ರೊಟ್ಟಿ ಬಡಿಯಲು ಸಾಲದು. ದೊಡ್ಡಪ್ಪ ಕೊಡಂಬಲದಿಂದ ಒಂದು ಚೀಲ ಜೋಳ ತೆಗೆದುಕೊಂಡು ಬಂದರು. ಅವ್ವ ಮಲಗಿದ್ದ ಹೊರಸಿನ ಪಕ್ಕ ಕೂತು, ಬಹಳ ಹೊತ್ತು ಆ ಕೈಯನ್ನು ನೋಡಿ, ನನಗೆ ಹೇಳಿದರು: “ನಡೀರಿ ಊರಿಗಿ. ಕಾಲೇಜು ಸಾಕು. ಹೊಲ ಅದ, ಮನಿ ಅದ. ನಿನಗೊಂದು ಜೋಡು ನೋಡ್ತೀನಿ.”

ಅವರು ಹೇಳಿದ್ದರಲ್ಲಿ ಕೆಟ್ಟದ್ದೇನೂ ಇರಲಿಲ್ಲ. ಅದಕ್ಕೇ ಎದುರು ಮಾತಾಡುವುದು ಕಷ್ಟವಾಗಿತ್ತು.

ಆಗ ನಡುವೆ ಬಂದವರು ವಕೀಲರು. ಹುಮನಾಬಾದಿನವರೇ, ದಿನಾ ಮಧ್ಯಾಹ್ನ ಖಾನಾವಳಿಯಲ್ಲಿ ಉಣ್ಣುವವರು. ಅವ್ವನ ಕೈ ಮುರಿದ ದಿನದಿಂದ ಅವರಿಗೂ ಊಟ ಸೇರುತ್ತಿರಲಿಲ್ಲ. “ಅಕ್ಕಾ, ಇದಕ್ಕ ಪರಿಹಾರ ಸಿಗ್ತದ. ಲಾರಿಗಿ ವಿಮಾ ಇರ್ತದ. ಬೀದರಿನಾಗ ಕೇಸ್ ಹಾಕೂಣ” ಎಂದರು.

“ನನ್ನ ತಪ್ಪಿಗಿ ಅವರ್ಯಾಕ ರೊಕ್ಕಾ ಕೊಡಬೇಕ್ರಿ ವಕೀಲಸಾಬ?”

“ನಿನ್ನ ತಪ್ಪು ಏನದ ಹೇಳ?”

ಅವ್ವ ಯೋಚಿಸಿದಳು. “ನಾ ಅಲ್ಲಿದ್ದೆ” ಎಂದಳು.

ವಕೀಲರು ಹಣೆ ಹಣೆ ಬಡಿದುಕೊಂಡರು. “ರಸ್ತಾದ ಬಾಜೂಕ ಇರೂದು ತಪ್ಪಲ್ಲಕ್ಕ. ಹಿಂದ ನೋಡಲಾರದ ಗಾಡಿ ಹಿಂದಕ್ಕ ಬಿಡೂದು ತಪ್ಪು. ಅದಕ್ಕ ಬೇಪರ್ವಾಯಿ ಅಂತಾರ. ಕಾಯ್ದೇದಾಗ ನಿರ್ಲಕ್ಷ್ಯ ಅಂತ ಬರೀತಾರ. ಆ ಕ್ಲೀನರ್ ಹಿಂದ ನಿಂತಿದ್ನಾ?”

ಅವ್ವನಿಗೂ ನನಗೂ ಗೊತ್ತಿತ್ತು, ಕ್ಲೀನರ್ ಆ ಹೊತ್ತಿಗೆ ಖಾನಾವಳಿಯ ಒಳಗೆ ಅವ್ವನ ರೊಟ್ಟಿಯನ್ನೇ ಉಣ್ಣುತ್ತಿದ್ದ. ನಡುವಯಸ್ಸಿನ, ಮಕ್ಕಳೊಂದಿಗ ಮನುಷ್ಯ. “ಉಣ್ಣಾಕ ಕುಂತವನ ಮ್ಯಾಲ ಚಾಡಿ ಹೇಳಬಾರದ್ರಿ. ಅವನ ನೌಕ್ರಿ ಹೋಗ್ತದ” ಎಂದಳು ಕೊನೆಗೆ. “ಆದ್ರ ಸುಳ್ಳ ಹೇಳಂದ್ರ ಅದೂ ಹೇಳೂದಿಲ್ಲ.”

ದೊಡ್ಡಪ್ಪ ಮೂಲೆಯಲ್ಲಿ ಕೂತು ಎಲ್ಲ ಕೇಳಿಸಿಕೊಂಡಿದ್ದರು. ನನ್ನತ್ತ ತಿರುಗಿ ಒಂದು ಕರಾರು ಹಾಕಿದರು. “ಕೇಸ್ ನಡೀಲಿ. ಗೆದ್ರ ನೀ ಓದು, ನಾ ಬಾಯಿ ಬಿಡೂದಿಲ್ಲ. ಸೋತ್ರ ಮರದಿನಾನೇ ಊರಿಗಿ. ನಿಮ್ಮವ್ವಗ ಹೇಳ.”

“ಕಬೂಲ್ ಅಂತ ಹೇಳ” ಎಂದಳು ಅವ್ವ ಹೊರಸಿನ ಮೇಲಿಂದ. ನನ್ನ ಡಿಗ್ರಿಯು ಹೀಗೆ ಬೀದರಿನ ನ್ಯಾಯಾಲಯದ ಕೈಗೆ ಹೋಯಿತು.

ಕೇಸು ನಡೆಯುವವರೆಗೆ ಹೊಟ್ಟೆ ನಡೆಯಬೇಕಲ್ಲ. ಒಲೆಯ ಮುಂದೆ ನಾನು ಕೂತೆ. ಕಾಲೇಜಿನ ಬಸ್ಸಿಗೆ ಮೊದಲು ಒಂದಿಷ್ಟು, ಬಂದ ಮೇಲೆ ಒಂದಿಷ್ಟು. ಅವ್ವ ಪಕ್ಕದಲ್ಲಿ ಕೂತು ಎಡಗೈಯಿಂದ ತೋರಿಸುತ್ತಿದ್ದಳು. ನನ್ನ ರೊಟ್ಟಿ ಯಾವ ದಿನವೂ ದುಂಡಗೆ ಬರಲಿಲ್ಲ. ಒಬ್ಬ ಡ್ರೈವರ್ ರೊಟ್ಟಿಯನ್ನು ಎರಡೂ ಕೈಯಲ್ಲಿ ಎತ್ತಿ ಹಿಡಿದು, “ಮಾಲಕ್ರ, ಇದು ಬೀದರ್ ಜಿಲ್ಲಾದ ನಕಾಶೆ ಏನ್ರಿ? ಹುಮನಾಬಾದ ಎಲ್ಲಿ ಬರ್ತದ ಇದ್ರಾಗ?” ಎಂದು ಕೇಳಿದ. ಖಾನಾವಳಿಯ ಮಾಲಕರು ಗಂಭೀರವಾಗಿ ಸುಟ್ಟ ಕಲೆಯೊಂದನ್ನು ತೋರಿಸಿ, “ಇಲ್ಲಿ ನೋಡ್ರಿ, ಕರ್‍ರಗ ಕಾಣಾಕತ್ತದಲ್ಲ” ಎಂದರು. ನಾನೂ ನಕ್ಕೆ. ಒಳ್ಳೆಯ ಮನುಷ್ಯ, ನನ್ನನ್ನು ತೆಗೆದುಹಾಕಲಿಲ್ಲ. ಹಿಟ್ಟು ನಾದುವಾಗ ಗೋಡೆಗೆ ಪುಸ್ತಕ ಒರಗಿಸಿಕೊಂಡು ಓದುತ್ತಿದ್ದೆ. ಇಂದಿಗೂ ನನ್ನ ಹಳೆಯ ಇತಿಹಾಸದ ಪುಸ್ತಕ ತೆರೆದರೆ ಮೊಗಲರ ಪುಟಗಳಿಂದ ಜೋಳದ ಹಿಟ್ಟು ಉದುರುತ್ತದೆ.

ಸಾಕ್ಷಿಯ ದಿನ ಬರುವಾಗ ನಾನು ಎರಡನೆಯ ವರ್ಷದ ಕೊನೆಯಲ್ಲಿದ್ದೆ. ವಕೀಲರು ಕರೆದು ಹೇಳಿದರು: “ಅಕ್ಕಾ, ವಿಮಾ ಕಂಪನಿ ವಕೀಲರದು ಒಂದೇ ಮಾತದ. ಈ ಹೆಣ್ಮಗಳು ತಾನೇ ತಪ್ಪು ಒಪ್ಪಿಕೊಂಡಾಳ ಅಂತ. ಕೋರ್ಟಿನಾಗ ಏನ್ ಬೇಕಾರ ಹೇಳ, ‘ನಂದೇ ತಪ್ಪು’ ಅಂತ ಮಾತ್ರ ಅನಬ್ಯಾಡ.”

“ಇಲ್ರಿ, ಅನ್ನೂದಿಲ್ಲ” ಎಂದು ಅವ್ವ ಮಾತು ಕೊಟ್ಟಳು.

ಮಾತು ಕೊಟ್ಟಳು, ಆದರೆ ನಾಲಿಗೆಯ ಭರವಸೆ ಯಾರು ಕೊಡಬೇಕು? ನಾನು ಮನೆಯಲ್ಲೇ ತಾಲೀಮು ಶುರು ಮಾಡಿದೆ. ಅವಳು ಕಸ ಹೊಡೆಯುವಾಗ ಬೇಕೆಂದೇ ಭುಜ ತಾಗಿಸುತ್ತಿದ್ದೆ.

“ತಪ್ಪಾತವಾ, ನಂದೇ ತಪ್ಪು.”

“ಅವ್ವಾ!”

“ಅಯ್ಯ, ಬಾಯಿಗಿ ಬಂದೇಬಿಡ್ತು ನೋಡ. ತಪ್ಪಾತು.”

“ಮತ್ತ ಅಂದಿ!”

“ಹೌದಲಾ. ನಂದೇ ತಪ್ಪು.”

ಕಾಲು ತುಳಿದೆ, ನೀರಿನ ತಂಬಿಗೆ ಉರುಳಿಸಿದೆ, ಅವಳ ಜಡೆಯನ್ನು ಬಾಗಿಲಿಗೆ ಸಿಕ್ಕಿಸಿದೆ. ಒಂದು ಸಲವೂ ಅವಳು ಗೆಲ್ಲಲಿಲ್ಲ. ಕೊನೆಗೆ ಇಬ್ಬರೂ ನೆಲದ ಮೇಲೆ ಕೂತು ಕಣ್ಣಲ್ಲಿ ನೀರು ಬರುವವರೆಗೆ ನಕ್ಕೆವು. ನಕ್ಕು ಮುಗಿದ ಮೇಲೆ ಮಾತ್ರ ನನಗೆ ಮೂರನೆಯ ವರ್ಷ ನೆನಪಾಯಿತು.

ಬೀದರಿಗೆ ದೊಡ್ಡಪ್ಪನೂ ಬಂದರು. ಹಳದಿ ರುಮಾಲು ಸುತ್ತಿಕೊಂಡು, ನ್ಯಾಯಾಲಯದ ಹಿಂದಿನ ಬೆಂಚಿನಲ್ಲಿ ನೆಟ್ಟಗೆ ಕೂತರು. ನ್ಯಾಯಾಧೀಶರು ಮೈಸೂರು ಕಡೆಯಿಂದ ಹೊಸದಾಗಿ ವರ್ಗವಾಗಿ ಬಂದವರು. ನಮ್ಮ ಮಾತು ಅವರಿಗೆ ಅರ್ಧ ತಿಳಿಯುತ್ತಿತ್ತು, ಉಳಿದರ್ಧವನ್ನು ಮತ್ತೊಮ್ಮೆ ಕೇಳುತ್ತಿದ್ದರು. “ಬೇರೆ ಕಡೆಯ ಮನಷ್ಯಾ” ಎಂದು ದೊಡ್ಡಪ್ಪ ನನ್ನ ಕಿವಿಯಲ್ಲಿ ಹೇಳಿದರು. ಕುದುರೆಯ ಕಥೆ ಅವರಿಗೆ ನೆನಪಾಗಿರಬೇಕು. ನನಗಂತೂ ನೆನಪಾಯಿತು.

ವಿಮಾ ಕಂಪನಿಯ ವಕೀಲರು ಎತ್ತರದ ಆಳು, ಬೀದರಿನವರೇ. ಕಟಕಟೆಯ ಬಳಿಗೆ ಬಂದು ಮೆತ್ತಗೆ ಕೇಳಿದರು.

“ಅವ್ವಾ, ಅಪಘಾತ ಆದಾಗ ‘ನಂದೇ ತಪ್ಪು’ ಅಂದಿದ್ದು ಖರೇನಾ?”

“ಹೌದ್ರಿ.”

“ಪೊಲೀಸರ ಮುಂದೂ ಅಂದಿ?”

“ಹೌದ್ರಿ.”

“ಯಾರರೇ ಹೆದರ್ಸಿ ಅನ್ನಿಸಿದ್ರಾ?”

“ಇಲ್ರಿ. ನಾನೇ ಅಂದೆ.”

ನಮ್ಮ ವಕೀಲರು ಕಣ್ಣು ಮುಚ್ಚಿಕೊಂಡರು. ಎದುರಿನವರು ತೃಪ್ತಿಯಿಂದ ನ್ಯಾಯಾಧೀಶರಿಗೆ ನಮಸ್ಕಾರ ಮಾಡಿ, “ಇನ್ನೇನೂ ಕೇಳುವುದಿಲ್ಲ ಸ್ವಾಮಿ” ಎಂದು, ಕಾನೂನಿನ ದಪ್ಪ ಪುಸ್ತಕಗಳನ್ನೂ ಕಾಗದದ ಕಟ್ಟನ್ನೂ ಒಂದೇ ಕಂಕುಳಲ್ಲಿ ಎತ್ತಿಕೊಂಡು ತಿರುಗಿದರು. ಅವ್ವ ಸೊಟ್ಟ ಕೈಯನ್ನು ಕಟಕಟೆಯ ಮರದ ಮೇಲೆ ಊರಿ ನಿಂತಿದ್ದಳು. ಪುಸ್ತಕಗಳ ಮೂಲೆ ನೇರವಾಗಿ ಅದೇ ಮಣಿಕಟ್ಟಿಗೆ ಬಡಿಯಿತು. ಕಾಗದಗಳು ನೆಲದ ತುಂಬ ಹರಡಿದವು.

ನೋವಿಗೆ ಅವ್ವನ ಮುಖ ಬೆಳ್ಳಗಾಯಿತು. ಆದರೆ ಬಾಯಿ ತಡ ಮಾಡಲಿಲ್ಲ.

“ತಪ್ಪಾತ್ರಿ ವಕೀಲಸಾಬ, ನಂದೇ ತಪ್ಪು! ನಾ ಕೈ ಇಲ್ಲಿಡಬಾರದಿತ್ತು. ನಿಮ್ಮ ಬುಕ್ಕಿಗಿ ಏನೂ ಆಗಿಲ್ಲಲಾ?”

ಆ ವಕೀಲರು ಏನು ಓದಿದ್ದರೇನು, ಬೀದರಿನ ಮಣ್ಣಿನವರು. ಅವರ ಬಾಯಿಯೂ ತಡ ಮಾಡಲಿಲ್ಲ. “ಇಲ್ಲವ್ವಾ ಇಲ್ಲ, ನಂದೇ ತಪ್ಪು!”

“ಅಲ್ರಿ, ನಂದು.”

“ಛೇ ಛೇ, ನಾನೇ ನೋಡಲಾರದ ತಿರಗಿದೆ. ನಂದೇ ಅವ್ವಾ.”

ನ್ಯಾಯಾಧೀಶರು ಕನ್ನಡಕ ತೆಗೆದು ಒಬ್ಬರನ್ನು ಬಿಟ್ಟು ಒಬ್ಬರನ್ನು ನೋಡಿದರು.

“ಏನ್ರೀ ಇದು? ನಿಮ್ಮೂರಲ್ಲಿ ಏಟು ತಿಂದವರೇ ತಪ್ಪು ಒಪ್ಪಿಕೊಳ್ಳೋದಾ?”

ನಮ್ಮ ವಕೀಲರ ಕಣ್ಣು ತೆರೆದವು. ಎದ್ದು ನಿಂತು, “ಹೌದು ಸ್ವಾಮಿ, ಇದು ಇಲ್ಲಿಯ ರೂಢಿ. ಬೇಕಾದರೆ ನಮ್ಮ ಮಿತ್ರರನ್ನೇ ಕೇಳಿ” ಎಂದರು.

ಮಿತ್ರರು ನೆಲದ ಮೇಲೆ ಕೂತು ಕಾಗದ ಆರಿಸುತ್ತಿದ್ದರು. ತಲೆ ಎತ್ತಿ, ಸಣ್ಣಗೆ ನಕ್ಕು, “ರೂಢಿ ಉಂಟು ಸ್ವಾಮಿ, ಇಲ್ಲ ಅನ್ನಲಾರೆ” ಎಂದರು. ಆ ಮನುಷ್ಯನ ಮೇಲೆ ನನಗೆ ಅಂದಿನಿಂದ ಗೌರವ.

ನ್ಯಾಯಾಧೀಶರು ಅವ್ವನ ಕಡೆ ಬಾಗಿದರು. “ತಪ್ಪು ಯಾರದು ಅಂತ ನಾನು ಕೇಳೋದಿಲ್ಲಮ್ಮ. ಏನು ನಡೀತು ಅಂತಷ್ಟೇ ಹೇಳಿ. ಲಾರಿ ಹಿಂದಕ್ಕೆ ಬರುವಾಗ ಹಿಂದೆ ಯಾರು ನಿಂತಿದ್ದರು?”

ಅವ್ವ ನನ್ನನ್ನು ನೋಡಿದಳು. ಆಮೇಲೆ ಪ್ರಮಾಣ ಮಾಡಿದ್ದು ನೆನಪಾಯಿತೇನೋ, ನಿಧಾನವಾಗಿ ಹೇಳಿದಳು.

“ಯಾರೂ ಇಲ್ರಿ. ಕ್ಲೀನರ್ ಒಳಗ ಉಣ್ಣಾಕತ್ತಿದ್ದ. ಮುಂಜಾನಿಂದ ಏನೂ ತಿಂದಿರಲಿಲ್ಲಂತ, ಪಾಪ. ಗಿರಣಿಗಿ ಹೋಗೂ ಮೊದ್ಲು ನಾನೇ ಕುಂಡ್ರಿಸಿ ಹಾಕಿದ್ದೆ. ಅವಂಗ ಬೈಬ್ಯಾಡ್ರಿ.”

“ಡ್ರೈವರ್ ಹಾರನ್ ಮಾಡಿದನೇ?”

“ಮಾಡಿದ್ರ ನಾ ಸರೀತಿದ್ದೆಲ್ರಿ.”

ನ್ಯಾಯಾಧೀಶರು ಬರೆದುಕೊಂಡರು. ಹಿಂದಿನ ಬೆಂಚಿನಲ್ಲಿ ದೊಡ್ಡಪ್ಪ ರುಮಾಲು ಬಿಚ್ಚಿ ಮತ್ತೆ ಸುತ್ತಿಕೊಂಡರು. “ಇಂವ ಕೇಳೂ ಮನಷ್ಯಾ” ಎಂದರು, ನನಗೋ ತಮಗೋ ತಿಳಿಯಲಿಲ್ಲ.

ತೀರ್ಪು ಬಂದ ದಿನ ನಾನು ಬಸ್ಸಿನಿಂದ ಇಳಿಯುತ್ತಿದ್ದಂತೆ ವಕೀಲರು ಖಾನಾವಳಿಯ ಮೆಟ್ಟಿಲ ಮೇಲೆ ನಿಂತು ಕೈ ಬೀಸಿದರು. ನಿರ್ಲಕ್ಷ್ಯವೆಲ್ಲ ಲಾರಿಯದೇ, ಮರ್ಯಾದೆಗೆ ಆಡಿದ ಮಾತನ್ನು ತಪ್ಪೊಪ್ಪಿಗೆ ಎಂದು ಹಿಡಿಯಲಾಗದು, ಕೈ ಕಳೆದುಕೊಂಡ ದುಡಿಮೆಗೆ ಪರಿಹಾರ ಕೊಡತಕ್ಕದ್ದು. ಅದು ಬಂಗಾರದ ಗಂಟೇನೂ ಆಗಿರಲಿಲ್ಲ, ಆದರೆ ನನ್ನ ಮೂರನೆಯ ವರ್ಷಕ್ಕೂ ಅವ್ವನ ಒಂದು ಎಮ್ಮೆಗೂ ಸಾಕಾಯಿತು. ವಕೀಲರು ಅಂದೂ ನನ್ನ ರೊಟ್ಟಿಯನ್ನೇ ಉಂಡು, “ಕೇಸ್ ಗೆದ್ದಿವಿ, ಇನ್ನರೇ ರೊಟ್ಟಿ ಬಡಿಯವರನ್ನ ಇಡ್ರಿ ಮಾಲಕ್ರ” ಎಂದರು. ಅವ್ವ ಕೇಳಿದ್ದು ಒಂದೇ: ಕ್ಲೀನರನ ನೌಕರಿ ಉಳಿಯಿತೇ? ಉಳಿದಿತ್ತು. ಮುಂದೆಯೂ ಅವನು ಬರುತ್ತಿದ್ದ. ಒಂದು ವ್ಯತ್ಯಾಸ: ಲಾರಿ ನಿಂತು ಎಂಜಿನ್ ಆರುವವರೆಗೆ ತಾಟಿನ ಮುಂದೆ ಕೂರುತ್ತಿರಲಿಲ್ಲ.

ದೊಡ್ಡಪ್ಪ ಕರಾರಿನಂತೆ ಬಾಯಿ ಬಿಡಲಿಲ್ಲ. ಬಿಡಲಿಲ್ಲ ಎಂದರೆ ನಿಜವಾಗಿಯೂ ಒಂದು ವರ್ಷ ಓದಿನ ಬಗ್ಗೆ ಒಂದಕ್ಷರ ಆಡಲಿಲ್ಲ. ಪರೀಕ್ಷೆಯ ತಿಂಗಳಲ್ಲಿ ಮಾತ್ರ ಕೊಡಂಬಲದಿಂದ ಒಂದು ಡಬ್ಬಿ ತುಪ್ಪ ಬಂತು. ತಂದವನು, “ಯಾಕಂತ ಹೇಳಿಲ್ರಿ, ಕೊಟ್ಟು ಬಾ ಅಂದಾರ” ಎಂದ.

ಪಾಸಾದೆ. ಎಂಬತ್ತರ ದಶಕ ಆಗಷ್ಟೇ ಶುರುವಾಗಿತ್ತು. ಪದವಿಯ ಪ್ರಮಾಣಪತ್ರಗಳು ಬಸವಕಲ್ಯಾಣದ ಕಾಲೇಜಿಗೆ ಬಂದಾಗ ಪ್ರಾಂಶುಪಾಲರು ಮನೆಯವರನ್ನೂ ಕರೆಸಿದರು. ಅವ್ವ ಇಳಕಲ್ ಸೀರೆ ಉಟ್ಟು ಬಂದಳು. ದೊಡ್ಡಪ್ಪ ಅದೇ ಹಳದಿ ರುಮಾಲು. ಪ್ರಾಂಶುಪಾಲರು ನನ್ನ ಕೈಗೆ ಕೊಟ್ಟರು. ನಾನು ವೇದಿಕೆಯಿಂದ ಇಳಿದು ಬಂದು ಅವ್ವನ ಕೈಗೆ ಕೊಟ್ಟೆ. ಅವಳು ಒಳ್ಳೆಯ ಕೈಯನ್ನು ಹಿಂದಿಟ್ಟು ಸೊಟ್ಟ ಕೈಯಲ್ಲೇ ತೆಗೆದುಕೊಂಡಳು, ಕಣ್ಣಿಗೊತ್ತಿಕೊಂಡಳು. ಆಮೇಲೆ ನನಗೇ ತಿರುಗಿ ಕೊಟ್ಟು, “ನಿಮ್ಮ ದೊಡ್ಡಪ್ಪಗ ಕೊಡ” ಎಂದಳು. ದೊಡ್ಡಪ್ಪ ಅವಳ ಮಗ್ಗುಲಲ್ಲೇ ನಿಂತಿದ್ದರು.

ಅವರು ಅದನ್ನು ಹಿಂದೆ ಮುಂದೆ ತಿರುವಿ ನೋಡಿದರು. “ಉರ್ದುದಾಗ ಒಂದು ಅಕ್ಷರಾನೂ ಇಲ್ಲಲಾ ಇದ್ರಾಗ” ಎಂದು ಗೊಣಗಿದರು. ನಾನು ಓದಿ ಹೇಳಿದೆ. ನನ್ನ ಹೆಸರು ಬಂದಾಗ, “ಇನ್ನೊಮ್ಮೆ ಓದು” ಎಂದರು. ಓದಿದೆ. ಅಪ್ಪನ ಹೆಸರು ಬಂದಾಗ ಆ ಸಾಲಿನ ಮೇಲೆ ಬೆರಳಿಟ್ಟರು.

ಆಗ, ಯಾರೂ ಯಾರ ಕಾಲನ್ನೂ ತುಳಿಯದಿದ್ದರೂ, ಯಾರ ಭುಜವೂ ಯಾರಿಗೂ ತಾಗದಿದ್ದರೂ ಅವರು ಹೇಳಿದರು:

“ತಪ್ಪಾತವಾ. ನಂದೇ ತಪ್ಪು.”

ಅವ್ವ ಸೆರಗಿನ ಒಳಗೇ ನಕ್ಕದ್ದು ನನಗೆ ಕೇಳಿಸಿತು. “ಕೇಳ ತಂಗಿ ನಿಮ್ಮ ದೊಡ್ಡಪ್ಪಗ, ಇದು ರೂಢಿಗಿ ಅಂದದ್ದೋ, ಖರೇ ಅಂದದ್ದೋ ಅಂತ.”

ನಾನು ಕೇಳುವವರೆಗೆ ದೊಡ್ಡಪ್ಪ ಕಾಯಲಿಲ್ಲ.

“ಖರೇನೇ ಅಂದೀನಿ. ಬೇಕಾದ್ರ ಬರಕೊಳ್ಳಂತ ಹೇಳ.”